ಮಕ್ಕಳಲ್ಲಿ ತಡೆಯಲಾಗದ ಅಂಗಚಲನೆಗಳು: ತಂದೆತಾಯಿಗಳು ತಿಳಿದಿರಬೇಕಾದ ವಿಷಯಗಳು

(ಗ್ರಾಮೀಣ ದಂಪತಿಗಳ ಸಭೆಯಲ್ಲಿ ಪ್ರಾಥಮಿಕ ಆರೋಗ್ಯ ಕೇಂದ್ರದ ವೈದ್ಯಾಧಿಕಾರಿಗಳು ಮಾಡಿದ ಭಾಷಣ)



ಕುಟುಂಬ ಕಲ್ಯಾಣದ ಸಭೆ ಎಂದೊಡನೆ ಮಕ್ಕಳ ಸಂಖ್ಯೆಯ ಮಾತೇ ಬರುವುದೆಂದು ತಮ್ಮಲ್ಲಿ ಅನೇಕರು ಭಾವಿಸಿ ಬಂದಿರಬಹುದು. ಅದು ಕುಟುಂಬ ಕಲ್ಯಾಣದ ಒಂದು ಭಾಗ ಮಾತ್ರ. ಹುಟ್ಟಿದ ಮಗು ಆರೋಗ್ಯದಿಂದ ಬೆಳೆದು, ಶಾಲೆಗೆ ಹೋಗಿ, ನಾಲ್ಕು ಜನರ ನಡುವೆ ತಲೆಯೆತ್ತಿ ನಡೆಯುವಂತಾದಾಗಲೇ ಕುಟುಂಬದ ಕಲ್ಯಾಣವು ಪೂರ್ಣವಾಗುತ್ತದೆ. ಲಸಿಕೆ, ತಾಯಿಯ ಹಾಲು, ಶುದ್ಧವಾದ ನೀರು ಇವುಗಳ ವಿಷಯವನ್ನು ತಾವು ಅನೇಕ ಸಲ ಕೇಳಿದ್ದೀರಿ. ಇಂದು ನಾನು ಅಷ್ಟಾಗಿ ಯಾರೂ ಮಾತನಾಡದ, ಆದರೆ ಅನೇಕ ಮನೆಗಳಲ್ಲಿ ಮಕ್ಕಳ ಕಣ್ಣೀರಿಗೂ ದಂಪತಿಗಳ ಮನಸ್ತಾಪಕ್ಕೂ ಕಾರಣವಾಗಿರುವ ಒಂದು ವಿಷಯವನ್ನು ತಮ್ಮ ಮುಂದಿಡಲು ಬಯಸುತ್ತೇನೆ. ಅದು ಮಕ್ಕಳಲ್ಲಿ ತಮಗೆ ತಾವೇ ಉಂಟಾಗುವ ಅಂಗಚಲನೆಗಳ ವಿಷಯ.

ಒಂದು ಮನೆಯ ಕಥೆ

ಕೆಲವು ಕಾಲದ ಹಿಂದೆ ಒಬ್ಬ ರೈತರು ತಮ್ಮ ಪತ್ನಿಯೊಡನೆ ಎಂಟು ವರ್ಷದ ಮಗನನ್ನು ನನ್ನ ಬಳಿಗೆ ಕರೆತಂದರು. ಹುಡುಗನು ಕುಳಿತಲ್ಲಿಯೇ ಎರಡೂ ಕಣ್ಣುಗಳನ್ನು ಬಿಗಿಯಾಗಿ ಮಿಟುಕಿಸುತ್ತಿದ್ದನು. ನಡುನಡುವೆ ಭುಜವನ್ನು ಮೇಲಕ್ಕೆ ಎಗರಿಸುತ್ತಿದ್ದನು. ಅವನ ಕಾಲಿನ ಮೇಲೆ ಹುಣಸೆಯ ಬರಲಿನ ಏಟಿನ ಗುರುತುಗಳಿದ್ದವು. ಮುಂಗೈಯ ಮೇಲೆ ಬರೆ ಹಾಕಿದ ಗಾಯವು ಇನ್ನೂ ಪೂರ್ತಿಯಾಗಿ ಮಾಗಿರಲಿಲ್ಲ.

ತಂದೆ ಹೀಗೆಂದರು: "ಸ್ವಾಮಿ, ಇವನು ಇದನ್ನು ಬೇಕೆಂದೇ ಮಾಡುತ್ತಾನೆ. ಗದರಿದರೆ ಒಂದು ಗಳಿಗೆ ನಿಲ್ಲಿಸುತ್ತಾನೆ. ನಾನು ಅತ್ತ ತಿರುಗಿದೊಡನೆ ಎರಡರಷ್ಟು ಮಾಡುತ್ತಾನೆ. ನಿಲ್ಲಿಸಲು ಬರುತ್ತದೆ ಎಂದ ಮೇಲೆ ಇದು ಹಟವಲ್ಲದೆ ಮತ್ತೇನು?"

ತಾಯಿ ಮಾತನಾಡಲಿಲ್ಲ. ಬಳಿಕ ಬೇರೆಯಾಗಿ ಕೇಳಿದಾಗ, ತನ್ನ ತಮ್ಮನಿಗೂ ಚಿಕ್ಕಂದಿನಲ್ಲಿ ಇಂಥದೇ ಅಭ್ಯಾಸವಿತ್ತೆಂದೂ, ಆದಕಾರಣ ಇದು ತನ್ನ ತವರಿನಿಂದ ಬಂದ ದೋಷವೆಂದು ಮನೆಯಲ್ಲಿ ಎಲ್ಲರೂ ಆಡಿಕೊಳ್ಳುತ್ತಿರುವರೆಂದೂ ಹೇಳಿ ಕಣ್ಣೊರೆಸಿಕೊಂಡರು.

ನಾನು ಹುಡುಗನನ್ನು ಹತ್ತಿರ ಕರೆದು, "ಕಣ್ಣು ಮಿಟುಕಿಸುವುದಕ್ಕೆ ಮೊದಲು ನಿನಗೆ ಏನಾಗುತ್ತದೆ, ಮಗು?" ಎಂದು ಕೇಳಿದೆ. ಅದುವರೆಗೆ ಯಾರೂ ಅವನನ್ನು ಈ ಪ್ರಶ್ನೆ ಕೇಳಿರಲಿಲ್ಲ. ಅವನು ಯೋಚಿಸಿ, "ಕಣ್ಣಿನೊಳಗೆ ಏನೋ ತುಂಬಿಕೊಂಡ ಹಾಗೆ ಆಗುತ್ತದೆ. ಮಿಟುಕಿಸಿದರೆ ಹೋಗುತ್ತದೆ. ಆಮೇಲೆ ಮತ್ತೆ ಬರುತ್ತದೆ" ಎಂದನು.

ಆಗ ನಾನು ತಂದೆಯವರ ಕಡೆ ತಿರುಗಿ, "ನಾನು ಹೇಳುವವರೆಗೆ ತಾವು ರೆಪ್ಪೆ ಬಡಿಯದೆ ಇರಿ, ನೋಡೋಣ" ಎಂದೆ. ಅವರು ಗಟ್ಟಿಯಾಗಿ ಕಣ್ಣು ತೆರೆದು ಕುಳಿತರು. ಸ್ವಲ್ಪ ಹೊತ್ತಿನಲ್ಲಿಯೇ ಕಣ್ಣು ಉರಿದು ನೀರಾಡಿತು. ಕೊನೆಗೆ ತಡೆಯಲಾರದೆ ಒಂದೇ ಸಮನೆ ನಾಲ್ಕೈದು ಬಾರಿ ರೆಪ್ಪೆ ಬಡಿದರು. "ತಾವು ಇಷ್ಟು ಹೊತ್ತು ತಡೆದಿರಿ. ಆಮೇಲೆ ಎರಡರಷ್ಟು ಬಡಿದಿರಿ. ಇದು ಹಟವೇ?" ಎಂದು ಕೇಳಿದಾಗ ಅವರು ಮಗನ ಮುಖವನ್ನೇ ನೋಡುತ್ತಾ ಸುಮ್ಮನಾದರು.

ದಂಪತಿಗಳೇ, ನಾನು ಇಂದು ಹೇಳಬೇಕಾಗಿರುವ ಮುಖ್ಯವಾದ ಮಾತು ಇದೇ ಆಗಿದೆ. ಸ್ವಲ್ಪ ಹೊತ್ತು ತಡೆಯಬಲ್ಲವರೆಲ್ಲರೂ ಅದನ್ನು ಬೇಕೆಂದು ಮಾಡುವವರಲ್ಲ. ಸೀನನ್ನು ಒಂದು ಕ್ಷಣ ತಡೆಯಬಹುದು, ತುರಿಕೆಯನ್ನು ಸ್ವಲ್ಪ ಹೊತ್ತು ಸಹಿಸಬಹುದು. ಆದರೆ ಅವುಗಳನ್ನು ಶಾಶ್ವತವಾಗಿ ತಡೆದಿಡಲು ಯಾರಿಂದಲೂ ಸಾಧ್ಯವಿಲ್ಲ. ಈ ಮಕ್ಕಳ ಚಲನೆಗಳೂ ಅಂತೆಯೇ.

ಟಿಕ್ ಎಂದರೇನು?

ಇಂಥ ಚಲನೆಯನ್ನು ವೈದ್ಯರು 'ಟಿಕ್' ಎಂದು ಕರೆಯುತ್ತಾರೆ. ಇದ್ದಕ್ಕಿದ್ದಂತೆ, ಮಿಂಚಿನಂತೆ ಬಂದು ಹೋಗುವ, ಮತ್ತೆ ಮತ್ತೆ ಅದೇ ಬಗೆಯಲ್ಲಿ ಮರುಕಳಿಸುವ, ಆದರೆ ತಾಳಬದ್ಧವಲ್ಲದ ಚಲನೆ ಅಥವಾ ಧ್ವನಿಯೇ ಟಿಕ್. ಕಣ್ಣು ಮಿಟುಕಿಸುವುದು, ಮೂಗು ಮುರಿಯುವುದು, ಮುಖ ಕಿವುಚುವುದು, ಕತ್ತು ಕೊಡವುವುದು, ಭುಜ ಎಗರಿಸುವುದು ಇವು ಚಲನೆಯ ಟಿಕ್‌ಗಳು. ಗಂಟಲು ಕೆರೆಯುವುದು, ಮೂಗನ್ನು ಸೊರಸೊರ ಎಳೆಯುವುದು, ಹೂಂಕರಿಸುವುದು, ಸಣ್ಣಗೆ ಕೂಗುವುದು ಇವು ಧ್ವನಿಯ ಟಿಕ್‌ಗಳು. ಗಂಟಲು ಕೆರೆಯುವ ಮಗುವಿಗೆ ಕೆಮ್ಮಿನ ಔಷಧಿಯನ್ನು ತಿಂಗಳುಗಟ್ಟಲೆ ಕುಡಿಸಿದ ಮನೆಗಳುಂಟು. ಕಣ್ಣು ಮಿಟುಕಿಸುವ ಮಗುವಿಗೆ ಮೊದಲು ಕಣ್ಣಿನ ಪರೀಕ್ಷೆ ಮಾಡಿಸುವುದು ಸರಿಯಾದುದೇ. ಆದರೆ ಕಣ್ಣಿನಲ್ಲಿ ದೋಷವಿಲ್ಲವೆಂದು ತಿಳಿದ ಮೇಲೆ ಟಿಕ್ ಇರಬಹುದೆಂದು ಯೋಚಿಸತಕ್ಕದ್ದು.

ಸಾಮಾನ್ಯವಾಗಿ ಇದು ನಾಲ್ಕರಿಂದ ಆರು ವರ್ಷದ ವಯಸ್ಸಿನಲ್ಲಿ ಕಾಣಿಸಿಕೊಳ್ಳುತ್ತದೆ. ಹೆಣ್ಣುಮಕ್ಕಳಿಗಿಂತ ಗಂಡುಮಕ್ಕಳಲ್ಲಿ ಹೆಚ್ಚು. ಕೆಲವು ವಾರ ಜೋರಾಗಿದ್ದು, ಕೆಲವು ವಾರ ಇಳಿದು, ಮತ್ತೆ ಬೇರೊಂದು ರೂಪದಲ್ಲಿ ತಲೆದೋರುವುದು ಇದರ ಸ್ವಭಾವ. ಇಂದು ಕಣ್ಣಿನಲ್ಲಿದ್ದುದು ಮುಂದಿನ ತಿಂಗಳು ಕತ್ತಿಗೆ ಬಂದೀತು. ಆಯಾಸ, ನಿದ್ರೆಗೇಡು, ಪರೀಕ್ಷೆಯ ಭಯ, ಜಾತ್ರೆ ಹಬ್ಬಗಳ ಸಂಭ್ರಮ, ಮನೆಯ ಜಗಳ ಇವುಗಳಿಂದ ಹೆಚ್ಚುತ್ತದೆ. ಮಗು ಆಟದಲ್ಲಿಯೋ ಚಿತ್ರ ಬರೆಯುವುದರಲ್ಲಿಯೋ ಮೈಮರೆತಾಗ ಇಳಿಯುತ್ತದೆ. ನಿದ್ರೆಯಲ್ಲಿ ಬಹುಮಟ್ಟಿಗೆ ಶಾಂತವಾಗುತ್ತದೆ. "ಆಡುವಾಗ ಇಲ್ಲದ್ದು ಓದುವಾಗ ಏಕೆ ಬರುತ್ತದೆ?" ಎಂದು ಗದರುವ ತಂದೆತಾಯಿಗಳು ಈ ಸ್ವಭಾವವನ್ನು ತಿಳಿದಿರಬೇಕು.

ಇದು ಅಪರೂಪದ ಸಂಗತಿಯೇನೂ ಅಲ್ಲ. ಶಾಲಾ ವಯಸ್ಸಿನ ಐದು ಮಕ್ಕಳಲ್ಲಿ ಒಬ್ಬರವರೆಗೆ ಒಂದಲ್ಲ ಒಂದು ಕಾಲದಲ್ಲಿ ಇಂಥ ಟಿಕ್ ಕಾಣಿಸಿಕೊಳ್ಳಬಹುದು. ಇವುಗಳಲ್ಲಿ ಹೆಚ್ಚಿನವು ಒಂದು ವರ್ಷದೊಳಗೆ ತಾವಾಗಿಯೇ ಮಾಯವಾಗುತ್ತವೆ. ಹಲವು ಬಗೆಯ ಚಲನೆಗಳೂ ಅವುಗಳೊಡನೆ ಒಂದಾದರೂ ಧ್ವನಿಯ ಟಿಕ್ ಕೂಡ ಕಾಣಿಸಿಕೊಂಡು, ಒಂದು ವರ್ಷಕ್ಕಿಂತ ಹೆಚ್ಚು ಕಾಲ ಉಳಿದುಬಂದರೆ ಅದನ್ನು 'ಟೂರೆಟ್ ಲಕ್ಷಣಕೂಟ' ಎನ್ನುತ್ತಾರೆ. 1885ರಲ್ಲಿ ಫ್ರಾನ್ಸ್ ದೇಶದ ವೈದ್ಯರಾದ ಜಾರ್ಜ್ ಜಿಲ್ ದ ಲಾ ಟೂರೆಟ್ ಎಂಬವರು ಒಂಬತ್ತು ರೋಗಿಗಳ ವೃತ್ತಾಂತವನ್ನು ಪ್ರಕಟಿಸಿ ಇದನ್ನು ವಿವರಿಸಿದುದರಿಂದ ಆ ಹೆಸರು ಬಂದಿದೆ. ಸಾವಿರ ಶಾಲಾ ಮಕ್ಕಳಲ್ಲಿ ಮೂವರಿಂದ ಹತ್ತು ಮಂದಿಗೆ ಇದು ಇರಬಹುದೆಂದು ಅಂದಾಜು. ಈ ರೋಗದವರು ಕೆಟ್ಟ ಮಾತುಗಳನ್ನು ತಡೆಯಲಾರದೆ ಕೂಗುತ್ತಾರೆಂಬ ಮಾತು ಹೊರಗೆ ಪ್ರಚಾರವಾಗಿದೆ. ಅದು ಹತ್ತು ಮಂದಿಯಲ್ಲಿ ಒಬ್ಬರಿಗೋ ಅದಕ್ಕಿಂತ ಸ್ವಲ್ಪ ಹೆಚ್ಚು ಜನರಿಗೋ ಮಾತ್ರ ಇರುವ ಲಕ್ಷಣ. ಅಂಥ ಮಗು ಆ ಮಾತನ್ನು ಯಾರನ್ನೂ ನಿಂದಿಸಲು ಆಡುವುದಿಲ್ಲ. ಅದೂ ಒಂದು ಟಿಕ್ ಮಾತ್ರ.

ಇದು ಏಕೆ ಬರುತ್ತದೆ?

ನಮ್ಮ ಮಿದುಳಿನ ಆಳದಲ್ಲಿ ಚಲನೆಗಳನ್ನು ಹತೋಟಿಯಲ್ಲಿಡುವ ಕೆಲವು ಭಾಗಗಳಿವೆ. ಕಾಲುವೆಯ ತೂಬು ಬೇಕಾದ ಹೊಲಕ್ಕೆ ನೀರು ಬಿಟ್ಟು, ಬೇಡವಾದ ಕಡೆ ತಡೆಯುವಂತೆ ಈ ಭಾಗಗಳು ಬೇಕಾದ ಚಲನೆಗೆ ಅನುಮತಿ ಕೊಟ್ಟು ಬೇಡವಾದುದನ್ನು ತಡೆಯುತ್ತವೆ. ಟಿಕ್ ಇರುವ ಮಕ್ಕಳಲ್ಲಿ ಈ ತೂಬು ಸ್ವಲ್ಪ ಸಡಿಲವಾಗಿರುತ್ತದೆ ಎನ್ನಬಹುದು. ಬೇಡವಾದ ಚಲನೆಯೊಂದು ಅಲ್ಲಿಂದ ನುಸುಳಿ ಹೊರಬರುತ್ತದೆ. ಮಗುವಿನ ಬುದ್ಧಿಗೂ ಗುಣಕ್ಕೂ ಇದಕ್ಕೂ ಸಂಬಂಧವಿಲ್ಲ. ಟಿಕ್ ಇದ್ದ ಮಾತ್ರಕ್ಕೆ ಮಗು ದಡ್ಡನೂ ಆಗುವುದಿಲ್ಲ, ಹುಚ್ಚನೂ ಆಗುವುದಿಲ್ಲ. ಒಬ್ಬರಿಂದ ಒಬ್ಬರಿಗೆ ಅಂಟುವ ರೋಗವೂ ಇದಲ್ಲ.

ಇದು ವಂಶದಲ್ಲಿ ಹರಿದುಬರುವುದುಂಟು ಎಂಬುದು ನಿಜ. ಆದರೆ ಈ ಮಾತನ್ನು ಸರಿಯಾಗಿ ತಿಳಿಯಬೇಕು. ಒಂದೇ ಮನೆತನದ ಒಂದೇ ಬೀಜದಿಂದ ಇದು ಬರುವುದಿಲ್ಲ. ತಂದೆಯ ಕಡೆಯಿಂದಲೂ ತಾಯಿಯ ಕಡೆಯಿಂದಲೂ ಬಂದ ಅನೇಕ ಸಣ್ಣ ಅಂಶಗಳು ಕೂಡಿ ಇದಕ್ಕೆ ದಾರಿಯಾಗುತ್ತವೆ. ನಾನು ಹೇಳಿದ ಆ ಹುಡುಗನ ಎರಡನೆಯ ಭೇಟಿಗೆ ಅಜ್ಜಿಯೂ ಜೊತೆಗೆ ಬಂದಿದ್ದರು. ಎಲ್ಲವನ್ನೂ ಕೇಳಿದ ಮೇಲೆ ಅವರೇ ನಗುತ್ತಾ, ತಮ್ಮ ಮಗನೂ ಹತ್ತು ವರ್ಷದವನಿದ್ದಾಗ ಎರಡು ವರ್ಷ ಕಾಲ ಎತ್ತಿನಂತೆ ಕತ್ತು ಕೊಡವುತ್ತಿದ್ದನೆಂದು ನೆನಪಿಸಿಕೊಂಡರು. ಅಂದಿಗೆ ತವರಿನ ದೋಷದ ಮಾತು ಆ ಮನೆಯಲ್ಲಿ ನಿಂತಿತು. ಗಂಡ ಹೆಂಡತಿಯನ್ನೂ, ಹೆಂಡತಿ ಗಂಡನನ್ನೂ ದೂರುವುದರಿಂದ ಮಗುವಿನ ತೊಂದರೆ ಒಂದು ಎಳೆಯಷ್ಟೂ ಇಳಿಯುವುದಿಲ್ಲ. ಗರ್ಭಿಣಿಯಾಗಿದ್ದಾಗ ಗ್ರಹಣ ನೋಡಿದ್ದರಿಂದ ಬಂತು, ಗಾಳಿ ಸೋಕಿದ್ದರಿಂದ ಬಂತು ಎಂಬ ಮಾತುಗಳಿಗೂ ಆಧಾರವಿಲ್ಲ.

ದೇವರಿಗೆ ಹರಕೆ ಹೊರುವುದು ತಮ್ಮ ತಮ್ಮ ನಂಬಿಕೆಗೆ ಸೇರಿದುದು. ಅದಕ್ಕೆ ನನ್ನ ಆಕ್ಷೇಪವಿಲ್ಲ. ಆದರೆ ಮಗುವಿಗೆ ಬರೆ ಹಾಕುವುದು, ಮೆಣಸಿನಕಾಯಿಯ ಹೊಗೆ ಹಾಕುವುದು, ಕಟ್ಟಿಹಾಕುವುದು, ಉಪವಾಸ ಕೆಡವುವುದು ಇವುಗಳನ್ನು ಎಂದಿಗೂ ಮಾಡಕೂಡದು. ನೋವಿನ ಭಯದಿಂದ ಮಗು ಕೆಲವು ಗಳಿಗೆ ತಡೆದೀತು. ಅದನ್ನೇ ಗುಣವಾಯಿತೆಂದು ನಾವು ತಪ್ಪು ತಿಳಿಯುತ್ತೇವೆ. ಭಯವೇ ಟಿಕ್‌ನ್ನು ಹೆಚ್ಚಿಸುವುದರಿಂದ ಮರುದಿನ ಅದು ಇನ್ನಷ್ಟು ಜೋರಾಗುತ್ತದೆ.

ಮುಂದೆ ಏನಾಗುತ್ತದೆ?

ತಂದೆತಾಯಿಗಳನ್ನು ಕಾಡುವ ಪ್ರಶ್ನೆ ಇದು. ಟಿಕ್ ಹೆಚ್ಚು ಕಾಲ ಉಳಿಯುವ ಮಕ್ಕಳಲ್ಲಿ ಸಾಮಾನ್ಯವಾಗಿ ಹತ್ತರಿಂದ ಹನ್ನೆರಡು ವರ್ಷದ ಹೊತ್ತಿಗೆ ಅದು ಅತ್ಯಂತ ಜೋರಾಗಿರುತ್ತದೆ. ಪ್ರಾಯಕ್ಕೆ ಬರುತ್ತಾ ಇಳಿಯತೊಡಗುತ್ತದೆ. ಸ್ಥೂಲವಾಗಿ ಹೇಳುವುದಾದರೆ, ಮೂವರಲ್ಲಿ ಒಬ್ಬರಿಗೆ ದೊಡ್ಡವರಾಗುವಷ್ಟರಲ್ಲಿ ಅದು ಬಿಟ್ಟುಹೋಗುತ್ತದೆ, ಇನ್ನೊಬ್ಬರಿಗೆ ಬಹಳ ಕಡಿಮೆಯಾಗುತ್ತದೆ, ಮತ್ತೊಬ್ಬರಿಗೆ ಉಳಿಯುತ್ತದೆ. ಉಳಿದವರೂ ಓದಿ, ದುಡಿದು, ಮದುವೆಯಾಗಿ ಸಂಸಾರ ಮಾಡಬಲ್ಲರು. ಹೀಗಿರುವಾಗ ಕಣ್ಣು ಮಿಟುಕಿಸುತ್ತಾನೆಂದು ಮಗುವನ್ನು ಶಾಲೆ ಬಿಡಿಸಿ ದನ ಕಾಯಲು ಕಳುಹಿಸುವುದು ಎಂಥ ಅನ್ಯಾಯವೆಂದು ಯೋಚಿಸಿ. ಚಲನೆಯು ಕಾಲಕ್ರಮದಲ್ಲಿ ಹೋಗಬಹುದು. ಬಿಟ್ಟುಹೋದ ಓದು ತಾನಾಗಿ ಮರಳಿ ಬರುವುದಿಲ್ಲ.

ಕೆಲವು ಮಕ್ಕಳಿಗೆ ಟಿಕ್ ಜೊತೆಯಲ್ಲಿ ಬೇರೆ ತೊಂದರೆಗಳೂ ಇರುತ್ತವೆ. ಒಂದು ಕಡೆ ಕುಳಿತುಕೊಳ್ಳಲಾರದ ಅತಿಯಾದ ಚಂಚಲತೆ, ಪಾಠದ ಮೇಲೆ ಗಮನ ನಿಲ್ಲದಿರುವುದು ಒಂದು ಬಗೆ. ಕೈ ತೊಳೆದದ್ದನ್ನೇ ತೊಳೆಯುವುದು, ಬಾಗಿಲು ಹಾಕಿದೆಯೇ ಎಂದು ಹತ್ತು ಸಲ ನೋಡುವುದು, ಬೇಡವೆಂದರೂ ಬಿಡದ ಯೋಚನೆಗಳು ಇನ್ನೊಂದು ಬಗೆ. ಅನೇಕ ವೇಳೆ ಟಿಕ್‌ಗಿಂತ ಇವುಗಳೇ ಮಗುವನ್ನು ಹೆಚ್ಚಾಗಿ ಕಾಡುತ್ತವೆ. ವೈದ್ಯರ ಬಳಿಗೆ ಹೋದಾಗ ಇವನ್ನೂ ಮರೆಯದೆ ತಿಳಿಸಬೇಕು.

ಮನೆಯಲ್ಲಿ ದಂಪತಿಗಳು ಹೇಗೆ ನಡೆದುಕೊಳ್ಳಬೇಕು?

ಮೊದಲನೆಯದಾಗಿ, ಗಂಡ ಹೆಂಡತಿ ಇಬ್ಬರೂ ಒಂದೇ ಮಾತಿಗೆ ಬರಬೇಕು. ತಂದೆ ಹೊಡೆದು ತಾಯಿ ಬಚ್ಚಿಟ್ಟು ಸಲಹುವ ಮನೆಯಲ್ಲಿ ಮಗುವಿಗೆ ನೆಮ್ಮದಿಯಿರುವುದಿಲ್ಲ. ಇಬ್ಬರೂ ಕೂಡಿ ವೈದ್ಯರ ಮಾತು ಕೇಳಿ, ಮನೆಯ ಹಿರಿಯರಿಗೂ ವಿಷಯವನ್ನು ವಿನಯದಿಂದ ತಿಳಿಸಿ ಹೇಳಬೇಕು.

ಎರಡನೆಯದಾಗಿ, ಟಿಕ್ ಬಂದಾಗ ಅದನ್ನು ಎತ್ತಿ ಆಡಬಾರದು. "ನೋಡು, ಮತ್ತೆ ಮಾಡಿದೆ" ಎಂದು ಪ್ರತಿ ಸಲ ಎಚ್ಚರಿಸುವುದೂ ಮಗುವನ್ನು ಹಣಿಸಿದಂತೆಯೇ. ಬಂಧುಗಳ ಮುಂದೆ ಅದನ್ನು ವರ್ಣಿಸಬಾರದು. ಅಣಕಿಸಲು ಒಡಹುಟ್ಟಿದವರಿಗೆ ಅವಕಾಶ ಕೊಡಬಾರದು. ಆದರೆ ಮಗುವೇ ಕೇಳಿದಾಗ, "ಇದು ನಿನ್ನ ತಪ್ಪಲ್ಲ, ಬೆಳೆಯುತ್ತಾ ಕಡಿಮೆಯಾಗಬಹುದು" ಎಂದು ಸತ್ಯವನ್ನೇ ಹೇಳಬೇಕು.

ಮೂರನೆಯದಾಗಿ, ಸಾಕಷ್ಟು ನಿದ್ರೆ, ಹೊತ್ತಿಗೆ ಸರಿಯಾದ ಊಟ, ದಿನಕ್ಕಿಷ್ಟು ಆಟ ಇವುಗಳಿಗೆ ಕೊರತೆ ಮಾಡಬಾರದು. ಟಿಕ್ ಇದೆಯೆಂದು ಮಗುವಿನ ತಪ್ಪುಗಳನ್ನೆಲ್ಲ ಮನ್ನಿಸಬೇಕೆಂದೂ ಇಲ್ಲ. ಸುಳ್ಳು ಹೇಳಿದರೆ, ಮನೆಗೆಲಸ ತಪ್ಪಿಸಿದರೆ ಉಳಿದ ಮಕ್ಕಳಿಗೆ ಹೇಳುವಂತೆಯೇ ಅದಕ್ಕೂ ಬುದ್ಧಿ ಹೇಳಿ. ಟಿಕ್‌ಗೆ ಮಾತ್ರ ಶಿಕ್ಷೆ ಬೇಡ.

ನಾಲ್ಕನೆಯದಾಗಿ, ಶಾಲೆಯ ಉಪಾಧ್ಯಾಯರನ್ನು ಕಂಡು ತಿಳಿಸಿ ಹೇಳಿ. ತರಗತಿಯಲ್ಲಿ ಹೂಂಕರಿಸುವ ಮಗುವನ್ನು ಬೆಂಚಿನ ಮೇಲೆ ನಿಲ್ಲಿಸಿದರೆ ಅದರ ಟಿಕ್ ಹೆಚ್ಚುತ್ತದೆ. ತಡೆಯಲಾಗದಾಗ ಎರಡು ನಿಮಿಷ ಹೊರಗೆ ಹೋಗಿ ಬರಲು ಬಿಟ್ಟರೆ, ಪರೀಕ್ಷೆಯಲ್ಲಿ ಸ್ವಲ್ಪ ಹೆಚ್ಚು ಸಮಯ ಕೊಟ್ಟರೆ ಮಗು ಉಳಿದವರಂತೆ ಕಲಿಯುತ್ತದೆ.

ಚಿಕಿತ್ಸೆ ಇದೆಯೇ?

ಇದೆ. ಆದರೆ ಎಲ್ಲ ಮಕ್ಕಳಿಗೂ ಔಷಧಿ ಬೇಕಾಗುವುದಿಲ್ಲ. ಮಗುವಿನ ಓದಿಗೂ ಆಟಕ್ಕೂ ಅಡ್ಡಿಯಾಗದ, ನೋವು ಕೊಡದ ಟಿಕ್‌ಗೆ ತಿಳಿವಳಿಕೆಯೂ ತಾಳ್ಮೆಯೂ ಸಾಕು. ತೊಂದರೆ ಹೆಚ್ಚಿದ್ದರೆ ಮೊದಲು ವರ್ತನಾ ಚಿಕಿತ್ಸೆಯನ್ನು ಮಾಡುತ್ತಾರೆ. ಟಿಕ್ ಬರುವ ಮುನ್ನ ಉಂಟಾಗುವ ತುಡಿತವನ್ನು ಗುರುತಿಸಲು ಮಗುವಿಗೆ ಕಲಿಸಿ, ಆ ತುಡಿತ ಬಂದಾಗ ಬೇರೊಂದು ಮೆಲ್ಲನೆಯ ಕ್ರಿಯೆಯನ್ನು ಮಾಡಲು ಅಭ್ಯಾಸ ಮಾಡಿಸುತ್ತಾರೆ. ಕತ್ತು ಕೊಡವುವ ಮಗು ಗಲ್ಲವನ್ನು ಸ್ವಲ್ಪ ಒಳಕ್ಕೆ ಎಳೆದು ಕತ್ತನ್ನು ಬಿಗಿಹಿಡಿಯಲು ಕಲಿಯುತ್ತದೆ. ಗಂಟಲು ಕೆರೆಯುವ ಮಗು ಮೂಗಿನಿಂದ ನಿಧಾನವಾಗಿ ಉಸಿರಾಡಲು ಕಲಿಯುತ್ತದೆ. ಗದರಿ ನಿಲ್ಲಿಸುವುದಕ್ಕೂ ಇದಕ್ಕೂ ಇರುವ ವ್ಯತ್ಯಾಸವನ್ನು ಗಮನಿಸಿ. ಅಲ್ಲಿ ಮಗು ಭಯದಿಂದ ಉಸಿರು ಕಟ್ಟಿ ತಡೆಯುತ್ತದೆ. ಇಲ್ಲಿ ತುಡಿತವು ತಾನಾಗಿ ಇಳಿಯುವವರೆಗೆ ಅದನ್ನು ದಾಟುವ ದಾರಿಯನ್ನು ಕಲಿಯುತ್ತದೆ.

ಇದರಿಂದಲೂ ಸಾಲದಿದ್ದಾಗ ಔಷಧಿಗಳುಂಟು. ಅವುಗಳಿಂದ ಟಿಕ್ ಕಡಿಮೆಯಾಗುತ್ತದೆ. ಪೂರ್ತಿಯಾಗಿ ಅಳಿಸಿಹೋಗುವುದೆಂದು ನಿರೀಕ್ಷಿಸಬಾರದು. ಕೆಲವು ಔಷಧಿಗಳಿಂದ ನಿದ್ರೆಯ ಮಂಪರು, ತೂಕ ಹೆಚ್ಚುವುದು ಮುಂತಾದ ಪರಿಣಾಮಗಳೂ ಆಗುವುದರಿಂದ ವೈದ್ಯರು ಹೇಳಿದ ಪ್ರಮಾಣದಲ್ಲಿಯೇ ಕೊಡಬೇಕು, ಒಮ್ಮೆಗೇ ನಿಲ್ಲಿಸಬಾರದು. ಪಕ್ಕದ ಮನೆಯ ಮಗುವಿಗೆ ಕೊಟ್ಟ ಮಾತ್ರೆಯನ್ನು ತಮ್ಮ ಮಗುವಿಗೆ ಕೊಡಕೂಡದು.

ಎಲ್ಲ ಚಲನೆಯೂ ಟಿಕ್ ಅಲ್ಲ

ಇಲ್ಲಿಯವರೆಗೆ ತಾಳ್ಮೆಯ ಮಾತು ಹೇಳಿದೆ. ಇನ್ನು ತ್ವರೆಯ ಮಾತನ್ನೂ ಹೇಳಬೇಕು. ಟಿಕ್‌ನಂತೆಯೇ ತೋರುವ, ಆದರೆ ತಡಮಾಡದೆ ವೈದ್ಯರಿಗೆ ತೋರಿಸಬೇಕಾದ ಕೆಲವು ರೋಗಗಳುಂಟು.

ಹನ್ನೊಂದು ವರ್ಷದ ಹೆಣ್ಣುಮಗಳೊಬ್ಬಳನ್ನು ಅವಳ ತಾಯಿ ಕರೆತಂದಿದ್ದರು. ಮೂರು ವಾರಗಳಿಂದ ಅವಳ ಕೈಯಿಂದ ತಂಬಿಗೆ, ತಟ್ಟೆ ಜಾರಿ ಬೀಳುತ್ತಿದ್ದವು. ದುಂಡಗಿದ್ದ ಅಕ್ಷರ ಕೆಟ್ಟುಹೋಗಿತ್ತು. ಕಾರಣವಿಲ್ಲದೆ ಅಳುತ್ತಿದ್ದಳು. ಕೈಕಾಲು, ಮುಖ ಒಂದು ಕ್ಷಣವೂ ನೆಲೆ ನಿಲ್ಲದೆ ಕುಣಿಯುತ್ತಿದ್ದವು. ಕೆಲಸಗಳ್ಳಿ ಎಂದು ಮನೆಯಲ್ಲಿ ಬೈದಿದ್ದರು. ಅಶಿಸ್ತು ಎಂದು ಶಾಲೆಯಲ್ಲಿ ದಂಡಿಸಿದ್ದರು. ನನ್ನ ಎರಡು ಬೆರಳುಗಳನ್ನು ಹಿಡಿದುಕೋ ಎಂದಾಗ ಅವಳ ಹಿಡಿತ ಬಿಗಿದು ಸಡಿಲವಾಗಿ, ಮತ್ತೆ ಬಿಗಿದು ಸಡಿಲವಾಗುತ್ತಿತ್ತು. ನೋಡುತ್ತಿದ್ದ ತಾಯಿ, "ಹಾಲು ಕರೆಯುವ ಹಾಗೆ ಮಾಡುತ್ತಾಳಲ್ಲ" ಎಂದರು. ವೈದ್ಯಶಾಸ್ತ್ರದಲ್ಲಿಯೂ ಇದಕ್ಕೆ ಹಾಲು ಕರೆಯುವವರ ಹಿಡಿತವೆಂದೇ ಹೆಸರು.

ಇದು 'ಕೊರಿಯಾ' ಎಂಬ ರೋಗ. 1686ರಲ್ಲಿ ಇಂಗ್ಲೆಂಡಿನ ವೈದ್ಯರಾದ ಥಾಮಸ್ ಸಿಡನ್‌ಹ್ಯಾಮ್ ಇದನ್ನು ವಿವರಿಸಿದುದರಿಂದ ಇದಕ್ಕೆ ಅವರ ಹೆಸರೇ ಸೇರಿದೆ. ಐದರಿಂದ ಹದಿನೈದು ವರ್ಷದ ಮಕ್ಕಳಲ್ಲಿ, ಹೆಚ್ಚಾಗಿ ಹೆಣ್ಣುಮಕ್ಕಳಲ್ಲಿ ಇದು ಬರುತ್ತದೆ. ಒಂದು ಬಗೆಯ ರೋಗಾಣುವಿನಿಂದ ಗಂಟಲು ನೋವು, ಜ್ವರ ಬಂದು ಹೋಗಿ, ಕೆಲವು ವಾರ ಅಥವಾ ತಿಂಗಳುಗಳ ಬಳಿಕ, ಆ ಗಂಟಲು ನೋವು ಎಲ್ಲರಿಗೂ ಮರೆತುಹೋದ ಮೇಲೆ ಇದು ಕಾಣಿಸಿಕೊಳ್ಳುತ್ತದೆ. ಕುಣಿಯುವ ಕೈಕಾಲುಗಳು ಸಾಮಾನ್ಯವಾಗಿ ಕೆಲವು ತಿಂಗಳುಗಳಲ್ಲಿ ಶಾಂತವಾಗುತ್ತವೆ. ಆದರೆ ಅದೇ ರೋಗವು ಸದ್ದಿಲ್ಲದೆ ಹೃದಯದ ಕವಾಟಗಳನ್ನು ಕೆಡಿಸಬಲ್ಲುದು. ಆ ಹುಡುಗಿ ಮುಂದೆ ಮದುವೆಯಾಗಿ ಗರ್ಭಿಣಿಯಾದಾಗ, ಕೆಟ್ಟ ಕವಾಟವು ತಾಯಿ ಮಗು ಇಬ್ಬರ ಪ್ರಾಣಕ್ಕೂ ಅಪಾಯ ತರಬಹುದು. ಆದಕಾರಣ ಹೃದಯದ ಪರೀಕ್ಷೆ ಅವಶ್ಯಕ. ಗಂಟಲಿನ ಸೋಂಕು ಮರುಕಳಿಸಿ ಹೃದಯಕ್ಕೆ ಮತ್ತೆ ಪೆಟ್ಟು ಬೀಳದಂತೆ, ಮೂರು ಅಥವಾ ನಾಲ್ಕು ವಾರಗಳಿಗೊಮ್ಮೆ ಪೆನಿಸಿಲಿನ್ ಚುಚ್ಚುಮದ್ದನ್ನು ವೈದ್ಯರು ಹೇಳಿದಷ್ಟು ವರ್ಷ ತಪ್ಪದೆ ಕೊಡಿಸಬೇಕು. ಕೈಕಾಲು ಸರಿಹೋಯಿತೆಂದು ಚುಚ್ಚುಮದ್ದು ನಿಲ್ಲಿಸುವುದೇ ಇಲ್ಲಿ ನಡೆಯುವ ದೊಡ್ಡ ತಪ್ಪು. ಬಿತ್ತನೆಯಿರಲಿ, ಕೊಯ್ಲಿರಲಿ, ಆ ದಿನವನ್ನು ತಪ್ಪಿಸಬಾರದು. ಮಕ್ಕಳಿಗೆ ಜ್ವರದೊಡನೆ ಗಂಟಲು ನೋವು ಬಂದಾಗ ವೈದ್ಯರಿಗೆ ತೋರಿಸಿ, ಅವರು ಕೊಟ್ಟ ಔಷಧಿಯನ್ನು ಅರ್ಧಕ್ಕೆ ಬಿಡದೆ ಮುಗಿಸಿದರೆ ಈ ರೋಗವನ್ನು ಬಹುಮಟ್ಟಿಗೆ ತಡೆಯಬಹುದು.

ಎರಡನೆಯದು ಮೂರ್ಛೆರೋಗ. ಟಿಕ್ ಬಂದಾಗ ಮಗುವಿಗೆ ಎಚ್ಚರ ತಪ್ಪುವುದಿಲ್ಲ, ಕರೆದರೆ ಓಗೊಡುತ್ತದೆ. ಆದರೆ ಮಾತನಾಡುತ್ತಿದ್ದ ಮಗು ಇದ್ದಕ್ಕಿದ್ದಂತೆ ನಿಂತು, ಕೆಲವು ಸೆಕೆಂಡು ಶೂನ್ಯವನ್ನು ದಿಟ್ಟಿಸಿ, ರೆಪ್ಪೆ ಅದುರಿಸಿ, ಕರೆದರೂ ಕೇಳದೆ, ಮತ್ತೆ ಏನೂ ಆಗದಂತೆ ಮುಂದುವರಿದರೆ ಅದು ಮೂರ್ಛೆರೋಗದ ಒಂದು ರೂಪವಾಗಿರಬಹುದು. ಕೈಕಾಲು ಸೆಟೆದು ಅದುರುವುದು ಎಲ್ಲರಿಗೂ ತಿಳಿದ ರೂಪ. ಆಗ ಮಗುವನ್ನು ಒಂದು ಮಗ್ಗುಲಿಗೆ ತಿರುಗಿಸಿ ಮಲಗಿಸಬೇಕು, ಬಾಯಿಗೆ ಏನನ್ನೂ ಹಾಕಬಾರದು, ನೀರು ಕುಡಿಸಬಾರದು. ಕೈಗೆ ಕಬ್ಬಿಣ ಅಥವಾ ಬೀಗದ ಕೈ ಹಿಡಿಸುವುದರಿಂದ ಪ್ರಯೋಜನವಿಲ್ಲ. ಐದು ನಿಮಿಷಕ್ಕಿಂತ ಹೆಚ್ಚು ಹೊತ್ತು ಅದುರಿದರೆ ತಕ್ಷಣ 108 ವಾಹನವನ್ನು ಕರೆಸಬೇಕು.

ಮೂರನೆಯದು ವಿಲ್ಸನ್ ರೋಗ. 1912ರಲ್ಲಿ ಕಿನಿಯರ್ ವಿಲ್ಸನ್ ಎಂಬ ವೈದ್ಯರು ಇದನ್ನು ವಿವರಿಸಿದರು. ನಾವು ತಿನ್ನುವ ಆಹಾರದಲ್ಲಿರುವ ತಾಮ್ರದ ಅಂಶವು ದೇಹದಿಂದ ಹೊರಹೋಗದೆ ಪಿತ್ತಜನಕಾಂಗದಲ್ಲಿಯೂ ಮಿದುಳಿನಲ್ಲಿಯೂ ಶೇಖರವಾಗುವುದೇ ಈ ರೋಗ. ಚೆನ್ನಾಗಿ ಓದುತ್ತಿದ್ದ ಮಗು ಹಿಂದೆ ಬೀಳುವುದು, ಮಾತು ತೊದಲುವುದು, ಬಾಯಿಂದ ಜೊಲ್ಲು ಸೋರುವುದು, ಕೈ ನಡುಗುವುದು, ಕೈಕಾಲು ಬಿಗಿಯಾಗುವುದು, ಮತ್ತೆ ಮತ್ತೆ ಕಾಮಾಲೆಯಾಗುವುದು ಇದರ ಲಕ್ಷಣಗಳು. ಟಿಕ್ ಬಂದು ಹೋಗುತ್ತಿರುತ್ತದೆ. ಇದು ದಿನದಿಂದ ದಿನಕ್ಕೆ ಹೆಚ್ಚುತ್ತಲೇ ಹೋಗುತ್ತದೆ. ತಂದೆತಾಯಿಗಳಿಬ್ಬರಲ್ಲಿಯೂ ಇದರ ಅಂಶ ಗುಪ್ತವಾಗಿದ್ದಾಗ, ಪ್ರತಿ ಮಗುವಿಗೂ ನಾಲ್ಕರಲ್ಲಿ ಒಂದು ಪಾಲಿನಷ್ಟು ರೋಗ ಬರುವ ಸಂಭವವಿರುತ್ತದೆ. ಅಕ್ಕನ ಮಗಳನ್ನು, ಸೋದರಮಾವನ ಅಥವಾ ಸೋದರತ್ತೆಯ ಮಕ್ಕಳನ್ನು ತಂದುಕೊಳ್ಳುವ ನಮ್ಮ ಪದ್ಧತಿಯಲ್ಲಿ ಒಂದೇ ಅಂಶ ಇಬ್ಬರಲ್ಲಿಯೂ ಇರುವ ಸಂಭವ ಹೆಚ್ಚು. ಬೇಗನೆ ಗುರುತಿಸಿದರೆ ಔಷಧಿಯಿಂದ ಮಗುವನ್ನು ಉಳಿಸಬಹುದು. ಆ ಔಷಧಿಯನ್ನು ಜೀವಮಾನವಿಡೀ ತೆಗೆದುಕೊಳ್ಳಬೇಕು. ಒಂದು ಮಗುವಿಗೆ ಈ ರೋಗವಿದೆಯೆಂದು ತಿಳಿದರೆ, ಆರೋಗ್ಯವಾಗಿ ಕಾಣುವ ಅದರ ಒಡಹುಟ್ಟಿದವರೆಲ್ಲರನ್ನೂ ಪರೀಕ್ಷಿಸಲೇಬೇಕು. ಈಗಾಗಲೇ ಸಂಬಂಧದಲ್ಲಿ ಮದುವೆಯಾಗಿರುವ ದಂಪತಿಗಳು ಇದರಿಂದ ಹೆದರಬೇಕಾಗಿಲ್ಲ, ರೋಗ ಅಪರೂಪವಾದುದು. ಎಚ್ಚರವಿದ್ದರೆ ಸಾಕು.

ಕೊನೆಯದಾಗಿ ಒಂದು ಮಾತು. ವಾಂತಿ ನಿಲ್ಲಲು ಕೊಡುವ ಕೆಲವು ಔಷಧಿಗಳಿಂದ ಕೆಲವು ಮಕ್ಕಳಿಗೆ ಕತ್ತು ಒಂದು ಕಡೆಗೆ ತಿರುಚಿಕೊಂಡು, ಕಣ್ಣುಗುಡ್ಡೆ ಮೇಲಕ್ಕೆ ಸಿಕ್ಕಿಕೊಳ್ಳುವುದುಂಟು. ಇದನ್ನು ಕಂಡು ದೆವ್ವ ಹಿಡಿಯಿತೆಂದು ಗಾಬರಿಯಾಗಬೇಡಿ. ಕೊಟ್ಟ ಔಷಧಿಯ ಸಮೇತ ಮಗುವನ್ನು ಆಸ್ಪತ್ರೆಗೆ ತನ್ನಿ. ಸೂಕ್ತವಾದ ಚುಚ್ಚುಮದ್ದಿನಿಂದ ಬೇಗನೆ ಸರಿಹೋಗುತ್ತದೆ.

ಎಲ್ಲಿಗೆ ಹೋಗಬೇಕು?

ಮೊದಲು ತಮ್ಮ ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ ಬನ್ನಿ. ಆಶಾ ಕಾರ್ಯಕರ್ತೆಯರೂ ಅಂಗನವಾಡಿ ಕಾರ್ಯಕರ್ತೆಯರೂ ದಾರಿ ತೋರಿಸುತ್ತಾರೆ. 2013ರಲ್ಲಿ ಆರಂಭವಾದ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮದ ತಂಡವು ಶಾಲೆಗೆ ಬಂದಾಗ ಮಗುವಿನ ತೊಂದರೆಯನ್ನು ಮುಚ್ಚಿಡದೆ ತಿಳಿಸಿ. ಜಿಲ್ಲೆಗಳಲ್ಲಿ ಮಾನಸಿಕ ಆರೋಗ್ಯ ಕಾರ್ಯಕ್ರಮದ ವೈದ್ಯರಿದ್ದಾರೆ. 1980ರ ದಶಕದಲ್ಲಿ ನಮ್ಮ ಬಳ್ಳಾರಿ ಜಿಲ್ಲೆಯಲ್ಲಿ ನಡೆದ ಪ್ರಯೋಗವೇ 1996ರಲ್ಲಿ ದೇಶಕ್ಕೆಲ್ಲ ಈ ಕಾರ್ಯಕ್ರಮದ ಮಾದರಿಯಾಯಿತೆಂಬುದು ನಮಗೆ ಹೆಮ್ಮೆಯ ವಿಷಯ. ಅವಶ್ಯವಿದ್ದರೆ ಅಲ್ಲಿಂದ ಧಾರವಾಡದ ಮಾನಸಿಕ ಆರೋಗ್ಯ ಮತ್ತು ನರವಿಜ್ಞಾನ ಸಂಸ್ಥೆಗೋ, 1974ರಲ್ಲಿ ರೂಪುಗೊಂಡ ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆಗೋ ಕಳುಹಿಸುತ್ತಾರೆ. ವಿಲ್ಸನ್ ರೋಗದವರನ್ನು ನಿಮ್ಹಾನ್ಸ್ ವೈದ್ಯರು ದಶಕಗಳಿಂದ ಆರೈಕೆ ಮಾಡುತ್ತಾ ಬಂದಿದ್ದಾರೆ. ಮನಸ್ಸಿನ ಕಳವಳಕ್ಕೆ ಸಲಹೆ ಬೇಕಾದರೆ 2022ರಲ್ಲಿ ಆರಂಭವಾದ ಟೆಲಿ ಮಾನಸ್ ಸೇವೆಗೆ 14416 ಸಂಖ್ಯೆಯಲ್ಲಿ ಉಚಿತವಾಗಿ ಕರೆಮಾಡಿ ಕನ್ನಡದಲ್ಲಿಯೇ ಮಾತನಾಡಬಹುದು.

ವೈದ್ಯರ ಬಳಿಗೆ ಬರುವ ಮುನ್ನ ಇವಿಷ್ಟನ್ನು ಗಮನಿಸಿಕೊಂಡು ಬನ್ನಿ: ಚಲನೆ ಯಾವಾಗ ಆರಂಭವಾಯಿತು, ನಿದ್ರೆಯಲ್ಲಿ ಇರುತ್ತದೆಯೇ, ಆಗ ಮಗುವಿಗೆ ಎಚ್ಚರವಿರುತ್ತದೆಯೇ, ಮೊದಲು ಗಂಟಲು ನೋವು ಬಂದಿತ್ತೇ, ಯಾವ ಔಷಧಿ ಕೊಟ್ಟಿದ್ದೀರಿ, ಅಕ್ಷರ ಅಥವಾ ಮಾತು ಕೆಟ್ಟಿದೆಯೇ. ಮನೆಯಲ್ಲಿ ಮೊಬೈಲ್ ಇದ್ದರೆ ಮಗುವಿಗೆ ಮುಜುಗರವಾಗದಂತೆ ಆ ಚಲನೆಯನ್ನು ಚಿತ್ರಿಸಿ ತಂದರೆ ಬಹಳ ಸಹಾಯವಾಗುತ್ತದೆ. ಏಕೆಂದರೆ ಆಸ್ಪತ್ರೆಯಲ್ಲಿ ಮಗು ಅನೇಕ ವೇಳೆ ತಡೆದುಕೊಂಡು ಕುಳಿತಿರುತ್ತದೆ.

ದಂಪತಿಗಳೇ, ಆ ಎಂಟು ವರ್ಷದ ಹುಡುಗನ ವಿಷಯವನ್ನು ಹೇಳಿ ನನ್ನ ಮಾತನ್ನು ಮುಗಿಸುತ್ತೇನೆ. ಅವನಿಗೆ ಔಷಧಿಯನ್ನೇನೂ ಕೊಡಲಿಲ್ಲ. ಒಂದು ವರ್ಷದ ನಂತರ ತಂದೆಯವರು ಬೇರೆ ಕೆಲಸಕ್ಕಾಗಿ ಬಂದಿದ್ದಾಗ ಮಗನ ಬಗ್ಗೆ ಕೇಳಿದೆ. "ಶಾಲೆಗೆ ಹೋಗುತ್ತಿದ್ದಾನೆ ಸ್ವಾಮಿ. ಪರೀಕ್ಷೆ ಹತ್ತಿರ ಬಂದಾಗ ಕಣ್ಣು ಮಿಟುಕಿಸುತ್ತಾನೆಂದು ಅವರಮ್ಮ ಹೇಳುತ್ತಾಳೆ. ನಾನು ಈಗ ಅದನ್ನು ನೋಡುವುದನ್ನು ಬಿಟ್ಟಿದ್ದೇನೆ" ಎಂದರು. ಸ್ವಲ್ಪ ತಡೆದು, "ಆ ಬರೆಯ ಕಲೆ ಮಾತ್ರ ಹಾಗೆಯೇ ಉಳಿದಿದೆ" ಎಂದು ಹೇಳಿ ತಲೆ ತಗ್ಗಿಸಿದರು.

ತಮ್ಮ ಮನೆಯ ಯಾವ ಮಗುವಿನ ಮೈಮೇಲೂ ಅಂಥ ಕಲೆ ಉಳಿಯದಿರಲಿ. ತಡೆಯಲಾಗದ ಚಲನೆಯನ್ನು ಕಂಡಾಗ ಕೈಯೆತ್ತುವ ಮೊದಲು ಗಂಡ ಹೆಂಡತಿ ಇಬ್ಬರೂ ಕೂಡಿ ಮಗುವನ್ನು ಆಸ್ಪತ್ರೆಗೆ ಕರೆತನ್ನಿ ಎಂದು ಪ್ರಾರ್ಥಿಸುತ್ತೇನೆ.